ಈ ವರ್ಷ ಎಲ್ಲಿ ಹೋಯ್ತು? – ಮತ್ತದೇ ಪ್ರಶ್ನೆ

ಈ ಸಲ ಬಂದ ಪತ್ರಗಳಲ್ಲಿ ಅರ್ಧಕ್ಕರ್ಧ ಒಂದೇ ಪ್ರಶ್ನೆ. ಹೋದ ಸಲವೂ ಅದೇ ಇತ್ತು. ಜಾಗವೆಲ್ಲ ಅದಕ್ಕೇ ಹೋಗುತ್ತದೆ, ಉಳಿದವರು ಬೇಜಾರು ಮಾಡಿಕೊಳ್ಳಬೇಡಿ.

ಪ್ರಶ್ನೆ: ನನಗೆ 46 ವರ್ಷ. ಚಿಕ್ಕಂದಿನಲ್ಲಿ ರಜೆ ಮುಗಿಯುತ್ತಲೇ ಇರಲಿಲ್ಲ. ಈಗ ಜನವರಿ ಬಂತು ಅನ್ನುವಷ್ಟರಲ್ಲಿ ಡಿಸೆಂಬರ್. ಹತ್ತು ವರ್ಷದ ಹುಡುಗನಿಗೆ ಒಂದು ವರ್ಷ ಅಂದರೆ ಬದುಕಿನ ಹತ್ತರಲ್ಲಿ ಒಂದು ಪಾಲು, ನನಗೆ 46ರಲ್ಲಿ ಒಂದು ಪಾಲು, ಅದಕ್ಕೇ ಹೀಗೆ ಅಂತಾರೆ. ನಿಜವೇ? ಇದಕ್ಕೆ ಮದ್ದಿದೆಯೇ?

ಉತ್ತರ: ಮೊದಲು ಆ ಭಾಗಾಕಾರ ಬಿಡಿ. 1877ರಲ್ಲೇ ಫ್ರಾನ್ಸಿನ ತತ್ವಶಾಸ್ತ್ರಜ್ಞ ಪಾಲ್ ಜಾನೆ ಅದನ್ನು ಹೇಳಿಯಾಗಿದೆ. ಆದರೂ ಪ್ರತಿ ತಿಂಗಳು ಯಾರಾದರೊಬ್ಬರು ತಾವೇ ಕಂಡುಹಿಡಿದಂತೆ ನನಗೆ ಬರೆದು ಕಳಿಸುತ್ತಾರೆ. ಈ ಲೆಕ್ಕ ಅನುಭವಕ್ಕೆ ಹೆಚ್ಚುಕಡಿಮೆ ಹೊಂದುತ್ತದೆ, ಆದರೆ ಅದರಿಂದ ಒಗಟೇನೂ ಬಿಡಿಸಿದಂತಾಗಲಿಲ್ಲ ಎಂದು ಅಮೆರಿಕದ ಮನಶ್ಶಾಸ್ತ್ರಜ್ಞ ವಿಲಿಯಂ ಜೇಮ್ಸ್ 1890ರಲ್ಲಿ ಬರೆದರು. ನನ್ನ ತಕರಾರು ಇನ್ನೂ ಸರಳ. ಈ ಲೆಕ್ಕ ನಿಜವಾಗಿದ್ದರೆ ನಿನ್ನೆಯ ಬೋರು ಮೀಟಿಂಗು ನಿಮಗೆ ಚಿಟಿಕೆ ಹೊಡೆಯುವುದರೊಳಗೆ ಮುಗಿಯಬೇಕಿತ್ತು. ಮುಗಿಯಿತಾ?

‘ಈಗ ಹೊತ್ತು ಹೇಗೆ ಸರಿಯುತ್ತಿದೆ?’ ಅನ್ನುವುದು ಒಂದು ಪ್ರಶ್ನೆ. ‘ಕಳೆದ ಹೊತ್ತು ಎಷ್ಟಿತ್ತು?’ ಅನ್ನುವುದು ಇನ್ನೊಂದು. ನೀವು ಎರಡನ್ನೂ ಕಲಸಿದ್ದೀರಿ. ಮೊದಲನೆಯದು ಗಮನಕ್ಕೆ ಸೇರಿದ್ದು. ಗಡಿಯಾರ ನೋಡುತ್ತ ಕೂತರೆ ಹೊತ್ತು ತೆವಳುತ್ತದೆ. ಎರಡನೆಯದು ನೆನಪಿನದು. ಹಿಂತಿರುಗಿ ನೋಡುವಾಗ ಮನಸ್ಸು ಅಲ್ಲಿ ಎಷ್ಟು ಬೇರೆ ಬೇರೆ ಸಂಗತಿಗಳು ಸಿಗುತ್ತವೆ ಅಂತ ತಡಕಾಡುತ್ತದೆ. ಕಡಿಮೆ ಸಿಕ್ಕರೆ ‘ಓ, ಇಷ್ಟೇನಾ’ ಅನ್ನುತ್ತದೆ. ಹಾಗಾಗಿ ತೆವಳಿದ ದಿನಗಳೇ ಸೇರಿ ಓಡಿದ ವರ್ಷ ಆಗಬಹುದು.

ಫ್ರಾನ್ಸಿನ ಭೂವಿಜ್ಞಾನಿ ಮಿಷೆಲ್ ಸಿಫ್ರ್ 1962ರಲ್ಲಿ ಗಡಿಯಾರವಿಲ್ಲದೆ ಆಲ್ಪ್ಸ್ ಪರ್ವತದ ಒಂದು ಗುಹೆಯೊಳಗೆ ಎರಡು ತಿಂಗಳಿದ್ದರು. ಕತ್ತಲೆ, ಮಂಜುಗಡ್ಡೆ, ಒಂದೇ ಥರದ ದಿನಗಳು. ಸೆಪ್ಟೆಂಬರ್ 14ಕ್ಕೆ ಪ್ರಯೋಗ ಮುಗಿದಾಗ ಅವರ ಲೆಕ್ಕದಲ್ಲಿ ಇನ್ನೂ ಆಗಸ್ಟ್ 20. ಇಪ್ಪತ್ತೈದು ದಿನ ನಾಪತ್ತೆ! ಆಗ ಅವರಿಗೆ ಬರೀ 23 ವರ್ಷ, ಮುದುಕರೇನಲ್ಲ. ಚಳಿಯ ಪಾಲೂ ಇದ್ದೀತು ಅನ್ನಿ.

ಇನ್ನು ವಯಸ್ಸಿನ ಮಾತು. 2005ರಲ್ಲಿ ಪ್ರಕಟವಾದ ಒಂದು ಅಧ್ಯಯನದಲ್ಲಿ 14ರಿಂದ 94 ವರ್ಷದ 499 ಜನರನ್ನು ಕೇಳಿದರು. ವಾರ, ತಿಂಗಳು ಹೇಗೆ ಹೋಯಿತು ಅಂದಾಗ ಕಿರಿಯರಿಗೂ ಹಿರಿಯರಿಗೂ ಹೇಳಿಕೊಳ್ಳುವಂಥ ವ್ಯತ್ಯಾಸ ಇರಲಿಲ್ಲ. ಕಳೆದ ಹತ್ತು ವರ್ಷ ಅಂದಾಗ ಕಂಡಿತು, ಅದೂ ಸ್ವಲ್ಪವೇ. ಇದಕ್ಕಾಗಿ ಇಷ್ಟು ಪತ್ರ!

ಮದ್ದು? ಇಲ್ಲ. ‘ಪೀನಿಯಲ್ ಗ್ರಂಥಿ ತೆರೆಸಿ ಕಾಲ ನಿಲ್ಲಿಸುತ್ತೇವೆ’ ಎನ್ನುವವರಿಗೆ ದುಡ್ಡು ಸುರಿಯಬೇಡಿ. ಅದು ಮೆದುಳಿನೊಳಗೆ ಕೂತು ರಾತ್ರಿ ಹೊತ್ತು ಮೆಲಟೋನಿನ್ ಎಂಬ ನಿದ್ದೆಯ ಹಾರ್ಮೋನು ಬಿಡುವ ಪುಟ್ಟ ಗ್ರಂಥಿ, ತೆರೆಯೋಕೆ ಅದೇನು ಬಾಗಿಲೇ? ಹೊಸ ಅನುಭವ ಬೇಕು ಅಂತ ವಾರಕ್ಕೊಂದು ಊರು ಸುತ್ತುವುದನ್ನೂ ನಾನು ಹೇಳುವುದಿಲ್ಲ. ಹತ್ತನೇ ಊರಿನ ಹೊತ್ತಿಗೆ ಊರು ಸುತ್ತುವುದೇ ಹಳತಾಗುತ್ತದೆ. ನಾನಂತೂ ರಾತ್ರಿ ಮಲಗುವ ಮುಂಚೆ ಆ ದಿನದ ಬಗ್ಗೆ ಎರಡು ಸಾಲು ಬರೆದಿಡುತ್ತೇನೆ. ವರ್ಷ ಉದ್ದವಾಗುತ್ತದೆ ಅಂತ ಆಣೆ ಮಾಡಿ ಹೇಳಲಾರೆ. ‘ಎಲ್ಲಿ ಹೋಯ್ತು’ ಅಂತ ಬೇರೆಯವರಿಗೆ ಪತ್ರ ಬರೆಯುವುದಂತೂ ತಪ್ಪಿದೆ.

ಪ್ರಶ್ನೆ: ಬೈಕಿನಿಂದ ಬಿದ್ದಾಗ ಎಲ್ಲ ಸ್ಲೋ ಮೋಷನ್‌ನಲ್ಲಿ ಕಂಡಿತು. ಆಗ ಮೆದುಳಿನ ವೇಗ ಹೆಚ್ಚುತ್ತದಂತೆ, ಹೌದೇ?

ಉತ್ತರ: ಅದಕ್ಕೆ ಆಧಾರವಿಲ್ಲ. 2007ರಲ್ಲಿ ಪ್ರಕಟವಾದ ಒಂದು ಪ್ರಯೋಗದಲ್ಲಿ ಜನರನ್ನು 31 ಮೀಟರ್ ಎತ್ತರದಿಂದ ಬಲೆಯೊಳಕ್ಕೆ ಬೀಳಿಸಿದರು. ಕೈಗೆ ಕಟ್ಟಿದ ಪರದೆಯಲ್ಲಿ ಅಂಕಿಗಳು ಸರಸರ ಮಿನುಗುತ್ತಿದ್ದವು. ಮೆದುಳು ಚುರುಕಾಗಿದ್ದರೆ ಅವನ್ನು ಓದಲು ಆಗಬೇಕಿತ್ತು, ಆಗಲಿಲ್ಲ. ಆದರೂ ಬೇರೆಯವರು ಬಿದ್ದದ್ದಕ್ಕಿಂತ ತಾವು ಬಿದ್ದ ಹೊತ್ತು ಸರಾಸರಿ 36 ಶೇಕಡಾ ಜಾಸ್ತಿ ಅಂತ ಅಂದಾಜಿಸಿದರು. ಇಲ್ಲೂ ನೆನಪಿನದೇ ಕೈವಾಡ. ಹೆಲ್ಮೆಟ್ ಹಾಕಿದ್ದಿರಿ ತಾನೇ?

ಪ್ರಶ್ನೆ: ಗಡಿಯಾರ ನೋಡಿದ ತಕ್ಷಣ ಸೆಕೆಂಡಿನ ಮುಳ್ಳು ಒಂದು ಕ್ಷಣ ನಿಂತಂತೆ ಕಾಣುತ್ತದೆ. ದೋಷವೇ?

ಉತ್ತರ: ನೋಟ ಒಂದು ಕಡೆಯಿಂದ ಇನ್ನೊಂದು ಕಡೆಗೆ ಜಿಗಿದಾಗ ಎಲ್ಲರಿಗೂ ಹಾಗೇ. ಗಡಿಯಾರವನ್ನು ರಿಪೇರಿಗೆ ಕೊಡಬೇಡಿ.

ಪ್ರಶ್ನೆ: ಧ್ಯಾನ ಮಾಡಿದರೆ ದಿನಕ್ಕೆ ಎರಡು ಗಂಟೆ ಹೆಚ್ಚಿಗೆ ಸಿಗುತ್ತದೆಯೇ?

ಉತ್ತರ: ಇಲ್ಲ.

ಪ್ರಶ್ನೆ: ಮಾತಿನ ನಡುವೆ ನನಗೆ ಒಂದೆರಡು ನಿಮಿಷ ಮಾಯವಾಗುತ್ತದೆ. ಆಗ ಸುಮ್ನೆ ಎತ್ತಲೋ ನೋಡುತ್ತ ತುಟಿ ಆಡಿಸುತ್ತೇನಂತೆ, ಮನೆಯವರು ಹೇಳುತ್ತಾರೆ. ಗೆಳೆಯರೊಬ್ಬರು ಇದು ಕಾಲಾತೀತ ಸ್ಥಿತಿ ಅಂದರು.

ಉತ್ತರ: ಆ ಗೆಳೆಯರ ಮಾತು ಕೇಳಬೇಡಿ. ಇದು ಮೂರ್ಛೆರೋಗದ ಒಂದು ಬಗೆ ಇರಬಹುದು. ನನಗೆ ಬರೆಯುವ ಮೊದಲೇ ವೈದ್ಯರ ಹತ್ತಿರ ಹೋಗಬೇಕಿತ್ತು. ಈ ವಾರವೇ ನರರೋಗ ತಜ್ಞರನ್ನು ನೋಡಿ. ಅಲ್ಲಿಯವರೆಗೆ ವಾಹನ ಓಡಿಸಬೇಡಿ, ಒಬ್ಬರೇ ನೀರಿಗಿಳಿಯಬೇಡಿ. ಕಣ್ಣಾರೆ ಕಂಡ ಮನೆಯವರನ್ನೂ ಜೊತೆಗೆ ಕರೆದುಕೊಂಡು ಹೋಗಿ. ಮತ್ತೆ ಹಾಗಾದರೆ ಮೊಬೈಲಿನಲ್ಲಿ ವಿಡಿಯೊ ಮಾಡಿಕೊಳ್ಳಲು ಅವರಿಗೆ ಈಗಲೇ ಹೇಳಿಡಿ.