ಸಿನಿಮಾ ನೋಡಿ ಹುಟ್ಟಿದ ಜಗಳ

ಅವಳಿಗೆ 28, ನಾಟಕದ ಹುಡುಗಿ. ಅವನಿಗೆ 31, ಮದುವೆ ರಿಸೆಪ್ಶನ್‌ಗಳ ಆರ್ಕೆಸ್ಟ್ರಾದಲ್ಲಿ ಕೀಬೋರ್ಡ್ ನುಡಿಸುತ್ತಾನೆ. ಗುರುತು ಸಿಗದಂತೆ ಒಂದೆರಡು ವಿವರ ಬದಲಿಸಿದ್ದೇನೆ. ನಾಲ್ಕು ವರ್ಷದ ಪ್ರೀತಿ. ಒಂದು ಭಾನುವಾರ ಇಬ್ಬರೂ 2016ರ ‘ಲಾ ಲಾ ಲ್ಯಾಂಡ್’ ನೋಡಿದರು. ಜಾಝ್ ಪಿಯಾನೊ ನುಡಿಸುವ ಸೆಬಾಸ್ಟಿಯನ್, ನಟಿಯಾಗಲು ಹೊರಟ ಮಿಯಾ ಪ್ರೀತಿಸಿ, ಕೊನೆಗೆ ಬೇರೆಯಾಗುವ ಕಥೆ. ಮುಗಿದಾಗ ಅವಳು ಅತ್ತಳು. ಅವನು ‘ನಮ್ಮದೂ ಹೀಗೇ ಆಗೋದು’ ಅಂದ. ಆಮೇಲೆ ಹತ್ತು ದಿನ ಮಾತಿಲ್ಲ. ಕೊನೆಗೆ ಇಬ್ಬರೂ ಆಪ್ತಸಮಾಲೋಚನೆಗೆ ನನ್ನ ಹತ್ರ ಬಂದರು.

‘ಕಲೆ ಬೇಕು ಅಂದ್ರೆ ಪ್ರೀತಿ ಬಿಡಬೇಕು, ಅಷ್ಟೇ ಅಲ್ವಾ ಮೇಡಂ?’ ಅವನ ಮೊದಲ ಪ್ರಶ್ನೆ.

ನನಗೆ ಆ ಸಿನಿಮಾ ಹಾಗೆ ಕಂಡಿಲ್ಲ. ‘ಸೆಬಾಸ್ಟಿಯನ್ ಮನಸ್ಸಿಲ್ಲದ ಬ್ಯಾಂಡ್ ಸೇರಿದ್ದು ಯಾಕೆ?’ ಅಂದೆ.

‘ದುಡ್ಡಿಗೆ.’

‘ಸೇರು ಅಂತ ಮಿಯಾ ಹೇಳಿದ್ಲಾ?’

ಅವನು ಸುಮ್ಮನಾದ. ಅವಳು ಮೆಲ್ಲಗೆ ಹೇಳಿದಳು: ‘ಇಲ್ಲ. ಅವಳು ಅಮ್ಮನ ಹತ್ರ ಫೋನಲ್ಲಿ ಅವನ ಸಂಪಾದನೆ ಬಗ್ಗೆ ಮಾತಾಡ್ತಿದ್ದದ್ದು ಅವನ ಕಿವಿಗೆ ಬಿತ್ತು.’

ಗಂಟು ಬಿದ್ದಿರೋದು ಅಲ್ಲೇ. ಮಿಯಾ ಅಮ್ಮನ ಮುಂದೆ ಸೆಬಾಸ್ಟಿಯನ್ ಪರವಾಗಿಯೇ ಮಾತಾಡುತ್ತಿದ್ದಳು. ಅವನು ಕೇಳಿಸಿಕೊಂಡ, ಅವಳನ್ನು ಒಂದು ಮಾತು ಕೇಳಲಿಲ್ಲ. ಮುಂದೊಂದು ರಾತ್ರಿ ಊಟಕ್ಕೆ ಕೂತಾಗ, ನಿನಗೆ ಇದೇ ಬೇಕು ಅಂದ್ಕೊಂಡಿದ್ದೆ ಅನ್ನೋ ಮಾತು ಅವನ ಬಾಯಲ್ಲಿ ಬರುತ್ತದೆ. ಅಷ್ಟರಲ್ಲಿ ಓವನ್ನಿನಲ್ಲಿ ಇಟ್ಟದ್ದೂ ಸೀದು ಹೋಗಿರುತ್ತದೆ.

‘ನಿಮ್ಮಿಬ್ಬರಲ್ಲಿ ಹೀಗೆ ಮಾಡಿದವರು ಯಾರು?’

ಅವಳು ದುಪಟ್ಟಾದ ಅಂಚು ಸುತ್ತುತ್ತಾ ಬಾಯಿಬಿಟ್ಟಳು. ಒಂದು ರೆಪರ್ಟರಿ, ಅಂದರೆ ವೃತ್ತಿಪರ ನಾಟಕ ತಂಡ, ಅವಳನ್ನು ತಿರುಗಾಟಕ್ಕೆ ಕರೆದಿತ್ತು. ತಿಂಗಳುಗಟ್ಟಲೆ ಊರೂರು ಸುತ್ತಬೇಕು. ಇವನೊಬ್ಬನೇ ಆಗ್ತಾನೆ ಅಂತ ಒಲ್ಲೆ ಅಂದುಬಿಟ್ಟಿದ್ದಳು. ಅವನಿಗೆ ಗೊತ್ತೇ ಇರಲಿಲ್ಲ.

‘ನನ್ನನ್ನ ಒಂದ್ಮಾತು ಕೇಳ್ಬಾರ್ದಿತ್ತಾ?’ ಅಂದ. ದನಿಯಲ್ಲಿ ಸಿಟ್ಟಿಗಿಂತ ಅವಮಾನ ಜಾಸ್ತಿ ಇತ್ತು.

ನಾನು ಹೇಳಿದ್ದು ಇಷ್ಟು. ‘ನಿನಗೋಸ್ಕರ’ ಅಂತ ಶುರುವಾಗುವ ಯಾವ ತೀರ್ಮಾನವನ್ನೂ ಒಬ್ಬರೇ ಮಾಡಬೇಡಿ. ತ್ಯಾಗ ಮಾಡೋದಾದ್ರೂ ಹೇಳಿ ಮಾಡಿ. ಮುಂದೆ ಮತ್ತೆ ಕರೆ ಬಂದರೆ ಬಾಡಿಗೆ ಯಾರು ಕಟ್ಟೋದು, ಅವಳಿದ್ದ ಊರಿಗೆ ಅವನು ಎಷ್ಟು ದಿನಕ್ಕೊಮ್ಮೆ ಹೋಗೋದು, ಕೂತು ಬರೆಯಿರಿ. ‘ಕಾಯ್ತೀನಿ’ ಅಂತ ಭಾಷೆ ಕೊಡೋದು ಬೇಡ. ಮೂರು ತಿಂಗಳಿಗೊಮ್ಮೆ ಮತ್ತೆ ಮಾತಾಡಿ. ಬೇರೆ ಆಗಬೇಕು ಅನ್ನಿಸಿದರೂ, ಮಾತಾಡಿ ಆಗಿ.

ಮನೆಪಾಠವೂ ಕೊಟ್ಟೆ: ಸಿನಿಮಾದ ಕೊನೆಯಲ್ಲಿ, ಇಬ್ಬರೂ ಬೇರೆಯಾಗದಿದ್ದರೆ ಹೇಗಿರುತ್ತಿತ್ತು ಅಂತ ಬರುವ ಕನಸನ್ನು ಇನ್ನೊಮ್ಮೆ ನೋಡಿ ಬನ್ನಿ.

ಮುಂದಿನ ವಾರ ಬಾಗಿಲಲ್ಲೇ ಅವನು ಶುರು ಮಾಡಿದ: ‘ಮೇಡಂ, ಅದರಲ್ಲಿ ಇಬ್ಬರೂ ಒಟ್ಟಿಗಿದ್ದಾರೆ, ಸರಿ. ಆದ್ರೆ ಕೊನೆಗೆ ಪಿಯಾನೊ ಮುಂದೆ ಬೇರೆ ಯಾರೋ ಕೂತಿದ್ದಾರೆ!’

ಅವನ ಕೈಯಲ್ಲಿ ಯಾವುದೋ ರಿಸೆಪ್ಶನ್ನಿನ ಹಾಡುಗಳ ಪಟ್ಟಿ ಇತ್ತು. ಹಾಳೆಯ ಹಿಂದೆ ಬಾಡಿಗೆಯ ಲೆಕ್ಕ, ಇಬ್ಬರ ಕೈಬರಹದಲ್ಲೂ. ಎರಡು ಕಡೆ ಹೊಡೆದು ಹಾಕಿ ಮತ್ತೆ ಬರೆದಿದ್ದರು.