ವೀಸಾದಲ್ಲಿ ಎಫ್‌ಎನ್‌ಯು ಬಂದ ತಮ್ಮನಿಗೆ

ತಮ್ಮಾ, ನಿನ್ನ ಪ್ರಶ್ನೆಗಳು ತಲುಪಿದವು. ವೀಸಾದಲ್ಲಿ ಹೆಸರಿನ ಜಾಗಕ್ಕೆ ಎಫ್‌ಎನ್‌ಯು ಅಂತ ಯಾಕೆ ಬಂತು, ತೆರಿಗೆ ಫಾರ್ಮಿನ ಲೆಕ್ಕದಲ್ಲಿ ನೀನು ಯಾವ ಬಗೆಯ ಏಲಿಯನ್ (ಅಂದರೆ ವಿದೇಶಿ), ಆಸ್ಪತ್ರೆಯವರು 'ರೇಸ್' ಕೇಳಿದರೆ ಯಾವ ಚೌಕಕ್ಕೆ ಗುರುತು ಹಾಕೋದು, ಊರಿಂದ ಬರೋ ಡಬ್ಬಿಯ ಮೇಲೆ ಏನು ಬರೆಸೋದು. 1999ರಲ್ಲಿ ನಾನು ಅಮೆರಿಕಕ್ಕೆ ಬಂದಿಳಿದಾಗ ಇವೇ ನಾಲ್ಕು ಕೇಳಬೇಕಿತ್ತು, ಕೇಳೋಕೆ ಯಾರೂ ಇರಲಿಲ್ಲ.

ರೇಸ್ ಅಂದರೆ 'ಏಷ್ಯನ್ ಇಂಡಿಯನ್'. 'ಅಮೆರಿಕನ್ ಇಂಡಿಯನ್' ಇಲ್ಲಿನ ಮೂಲನಿವಾಸಿಗಳದ್ದು, ನಾನು ಮೊದಲ ವಾರ ಅದಕ್ಕೇ ಗೀಚಿ ಬಂದಿದ್ದೆ. ನಮ್ಮ ಚೌಕ ಸೆನ್ಸಸ್ಸಿಗೆ ಬಂದಿದ್ದು 1980ರಲ್ಲಿ. 1930 ಮತ್ತು 1940ರಲ್ಲಿ ಭಾರತದಿಂದ ಬಂದವರೆಲ್ಲ, ಧರ್ಮ ಯಾವುದೇ ಇರಲಿ, 'ಹಿಂದೂ' ಅನ್ನೋ ಜನಾಂಗ. 1970ರಲ್ಲಿ ಬಿಳಿಯರ ಲೆಕ್ಕಕ್ಕೆ ಸೇರಿದ್ದೆವು. ಅದಕ್ಕೂ ಮುಂಚೆ, 1923ರಲ್ಲಿ, ಇಲ್ಲಿನ ಸೈನ್ಯದಲ್ಲೇ ದುಡಿದಿದ್ದ ಭಗತ್ ಸಿಂಗ್ ಥಿಂಡ್ ಅವರಿಗೆ ಸುಪ್ರೀಂ ಕೋರ್ಟು ನೀವು ಬಿಳಿಯರಲ್ಲ, ಪೌರತ್ವ ಸಿಗೋದಿಲ್ಲ ಅಂದಿತ್ತು. ಮೈಬಣ್ಣ ಇದ್ದಹಾಗೇ ಇತ್ತು, ಚೌಕ ಬದಲಾಗ್ತಾ ಹೋಯಿತು.

ತೆರಿಗೆದು ಸಿಪಿಎ, ಅಂದರೆ ಇಲ್ಲಿನ ಲೆಕ್ಕಪರಿಶೋಧಕರ ಹತ್ತಿರ ಕೇಳು. ಈ ವರ್ಷದ ದಿನಗಳು ಪೂರ್ತಿ, ಹೋದ ವರ್ಷದ್ದು ಮೂರನೇ ಒಂದು ಭಾಗ, ಅದರ ಹಿಂದಿನದ್ದು ಆರನೇ ಒಂದು ಭಾಗ ಕೂಡಿಸಿ 183 ಆದರೆ ನೀನು 'ರೆಸಿಡೆಂಟ್ ಏಲಿಯನ್'. ನಿನ್ನ ಎಚ್-1ಬಿ ಕೆಲಸದ ವೀಸಾ ಮಾತ್ರ ನೀನು ವಲಸಿಗನೇ ಅಲ್ಲ ಅಂತಿರುತ್ತೆ. ಎರಡೂ ಸರಿಯೇ, ತಲೆ ಕೆಡಿಸಿಕೊಳ್ಳಬೇಡ.

ಡಬ್ಬಿಯ ಮೇಲೆ ಇದ್ದದ್ದನ್ನು ಇದ್ದ ಹಾಗೆ ಬರೆಸು. 'ಗಿಫ್ಟ್' ಅಂತ ಒಂದೇ ಪದ ಬರೆದರೆ ಕಸ್ಟಮ್ಸ್‌ನವರಿಗೆ ಸಾಲದು, ಈ ದೇಶದಲ್ಲಿ ಪ್ರತಿ ವಸ್ತುವಿಗೂ ಒಂದು ಗೂಡಿದೆ. ಕಾಮಿಕ್ಸಿನ ಎಕ್ಸ್-ಮೆನ್ ವೀರರ ಗೊಂಬೆಗಳು ಮನುಷ್ಯರ ಆಕಾರ ಅಂದರೆ 'ಡಾಲ್', ಆಗ ಸುಂಕ ಶೇ. 12 ಇತ್ತು, ಮನುಷ್ಯರಲ್ಲ ಅಂದರೆ 'ಆಟಿಕೆ', ಶೇ. 6.8 ಇತ್ತು. ತರಿಸಿಕೊಂಡ ಕಂಪನಿ ಕೋರ್ಟಿಗೆ ಹೋಗಿ, ನಮ್ಮ ವೀರರು ಮನುಷ್ಯರೇ ಅಲ್ಲ ಸ್ವಾಮಿ ಅಂತ ವಾದ ಮಾಡಿ 2003ರಲ್ಲಿ ಗೆದ್ದಿತು. ಅವರಾದರೂ ಲಾಯರ್ ಇಟ್ಟು ತಮಗೆ ಬೇಕಾದ ಗೂಡು ಆರಿಸಿಕೊಂಡರು. ನಾನು ನನ್ನ ಸರ್‌ನೇಮನ್ನು ಪಾಸ್‌ಪೋರ್ಟ್ ಕೌಂಟರಿನ ಮುಂದೆ ನಿಂತು ಎರಡು ನಿಮಿಷದಲ್ಲಿ ಆರಿಸಿದೆ.

ಎಫ್‌ಎನ್‌ಯು ಅಂದರೆ 'ಫಸ್ಟ್ ನೇಮ್ ಅನ್‌ನೋನ್'. ಪಾಸ್‌ಪೋರ್ಟಲ್ಲಿ ಸರ್‌ನೇಮ್ ಖಾಲಿ ಬಿಟ್ಟಿರ್ತೀವಲ್ಲ, ಇವರು ಇರೋ ಹೆಸರನ್ನು ಸರ್‌ನೇಮಿಗೆ ತಳ್ಳಿ, ಖಾಲಿಯಾದ ಕಡೆ ಇದನ್ನು ತುಂಬ್ತಾರೆ. ಲೈಸೆನ್ಸ್ ಮಾಡಿಸೋಕೆ ಹೋದಾಗ ಕೌಂಟರಿನಾಕೆ "ಫ್ನೂ! ಫ್ನೂ!" ಅಂತ ಕೂಗ್ತಾ ಇದ್ದರೆ, ಪಾಪ ಯಾರೋ ಚೀನಾದವನಿರಬೇಕು ಅಂತ ನಾನು ಕೂತೇ ಇದ್ದೆ. ಮೂರನೇ ಸಲ ಕೂಗಿದಾಗ ಪಕ್ಕದವನು ನನ್ನ ಕೈಲಿದ್ದ ಚೀಟಿ ನೋಡಿ ತಿವಿದ.

ನನ್ನ ಇನಿಷಿಯಲ್ ಬಿ.ಎನ್. ಬೆಳ್ಳೂರು, ನಂಜುಂಡಯ್ಯ. ಪಾಸ್‌ಪೋರ್ಟ್ ಹೊಸದು ಮಾಡಿಸುವಾಗ ಸರ್‌ನೇಮ್ ಕೇಳಿದರು, ಅಪ್ಪನ ಹೆಸರು ಬರೆದುಬಿಟ್ಟೆ. ಆಮೇಲೆ ಗ್ರೀನ್ ಕಾರ್ಡು, ಮನೆ ಪತ್ರ, ಮಗಳ ಜನನ ಪತ್ರ, ಎಲ್ಲ ಅದನ್ನೇ ನಕಲು ಮಾಡ್ತಾ ಹೋದವು. ಅದಕ್ಕೇ ಹೇಳೋದು, ಗ್ರೀನ್ ಕಾರ್ಡಿಗೆ ಹಾಕುವ ಮುಂಚೆಯೇ ಸರಿ ಮಾಡಿಸಿಕೋ, ಹೆಂಡತಿ ಪಾಸ್‌ಪೋರ್ಟನ್ನೂ ಪಕ್ಕದಲ್ಲಿಟ್ಟುಕೊಂಡು. ಆಮೇಲೆ ಸೋಷಿಯಲ್ ಸೆಕ್ಯುರಿಟಿ, ಲೈಸೆನ್ಸು, ಬ್ಯಾಂಕು ಒಂದೊಂದಾಗಿ.

2011ರಲ್ಲಿ ಅಪ್ಪ ಬಂದಿದ್ದರು. ನನ್ನ ರಕ್ತಪರೀಕ್ಷೆಗೆ ಜೊತೆಗೆ ಬಂದು ಕೂತಿದ್ದರು. ಇಪ್ಪತ್ತು ದಾಟದ ನರ್ಸೊಬ್ಬಳು ಬಾಗಿಲಲ್ಲಿ ನಿಂತು "ನಂಜುಂಡಯ್ಯ!" ಅಂದಳು. ಅಮ್ಮ ಜೀವಮಾನದಲ್ಲಿ ಬಾಯಿಬಿಟ್ಟು ಹೇಳದ ಹೆಸರು. ಅಪ್ಪ ಥಟ್ಟನೆ ಎದ್ದು, ಪಂಚೆ ಸರಿಮಾಡಿಕೊಂಡು, "ನಾನೇ" ಅಂದರು. ನಾನೂ ಎದ್ದೆ. ಅವಳು ಇಬ್ಬರನ್ನೂ ನೋಡಿ ಹುಟ್ಟಿದ ತಾರೀಕು ಕೇಳಿದಳು.

ಮನೆಗೆ ಬಂದಮೇಲೆ ಕಾರ್ಡು ತೋರಿಸು ಅಂದರು. ಕನ್ನಡಕ ಹಾಕಿಕೊಂಡು ಇಂಗ್ಲಿಷ್ ಅಕ್ಷರಗಳನ್ನು ಉಗುರಲ್ಲಿ ಒತ್ತಿ ಒತ್ತಿ ಓದಿದರು. "ನಿನ್ನ ಹೆಸರಿದೆ. ನನ್ನದೂ ಇದೆ. ಊರೆಲ್ಲಿ ಹೋಯ್ತೋ?" ಜಾಗ ಇರಲಿಲ್ಲಪ್ಪಾ ಅಂದೆ. ಸುಳ್ಳು. ಜಾಗ ಬೇಕಾದಷ್ಟಿತ್ತು, ನನಗೆ ಹೊಳೆಯಲಿಲ್ಲ ಅಷ್ಟೇ. ಒಂದು ಫೋನ್ ಮಾಡಿ ಕೇಳಿದ್ದರೆ ಅವರು ಯಾವುದನ್ನು ಹಾಕಿಸ್ತಿದ್ದರು ಅನ್ನೋದು ಈಗಲೂ ಕೊರೆಯುತ್ತೆ. ಅವರು ಮತ್ತೆ ಆ ಮಾತು ಎತ್ತಲಿಲ್ಲ. ವಾಪಸು ಹೋದ ಮೇಲೆ ಸಾರಿನಪುಡಿ, ಹಪ್ಪಳ ಕಳಿಸುತ್ತಿದ್ದ ಡಬ್ಬಿಗಳ ಮೇಲೆ ಮಾತ್ರ ನನ್ನ ಹೆಸರಿನ ಹಿಂದೆ ದಪ್ಪಗೆ ಬಿ.ಎನ್. ಅಂತಲೇ ಬರೆಯೋರು. ಒಂದು ಡಬ್ಬಿಯೂ ತಪ್ಪಿಹೋಗಲಿಲ್ಲ. ಕೊನೆಯದರ ರಟ್ಟು ಇನ್ನೂ ಗ್ಯಾರೇಜಲ್ಲಿದೆ.

ನಿನ್ನ ಇನಿಷಿಯಲ್ ಏನು, ಯಾವ ಊರು? ಬರೆದು ಕಳಿಸು, ಫಾರ್ಮ್ ಹೇಗೆ ತುಂಬೋದು ನೋಡೋಣ.