ಡಿಫೆನ್ಸ್‌ಗೆ ಹಾಕಿದ್ರು ಅಂತ ಮಗ ಮುಖ ಊದಿಸ್ಕೊಂಡಿದ್ರೆ ಫಿಗೆರೋವಾನ ತೋರ್ಸಿ

ಅಣ್ಣಾ, ನಿಮ್ ಪೋಸ್ಟ್ ರಾತ್ರಿನೇ ಓದಿದ್ದೆ, ಟೈಪ್ ಮಾಡೋಕೆ ಈಗ ಪುರುಸೊತ್ತಾಯ್ತು. 13 ವರ್ಷದ ಹುಡುಗ, ಸ್ವಲ್ಪ ವೀಸಿಂಗ್ ಇದೆ, ಫುಟ್‌ಬಾಲ್ ಕೋಚು ಫಾರ್ವರ್ಡ್‌ನಿಂದ ತೆಗ್ದು ಸ್ಟಾಪರ್, ಅಂದ್ರೆ ಗೋಲ್ ಮುಂದೆ ನಿಂತು ಎದುರಾಳಿನ ತಡೆಯೋ ಡಿಫೆಂಡರ್, ಮಾಡಿದಾರೆ, ಗೋಲ್ ಹೊಡೆಯೋಕೆ ಬರದವ್ರನ್ನೇ ಹಿಂದೆ ನಿಲ್ಸೋದು ಅಂತ ಅವನ ಸಿಟ್ಟು. ಮೇಲೆ ಯಾರೋ ಇಟಲಿಯ ಡಿಫೆಂಡರ್ ಮಾಲ್ಡೀನಿ ವಿಡಿಯೋ ತೋರ್ಸಿ ಅಂದಿದಾರೆ, ತೋರ್ಸಿ, ಬೇಡ ಅನ್ನಲ್ಲ, ಆದ್ರೆ ನಿಮ್ ಹುಡುಗನಿಗೆ ಹೇಳಿ ಮಾಡ್ಸಿದ್ ಹಾಗಿರೋದು ಚಿಲಿಯ ಎಲಿಯಾಸ್ ಫಿಗೆರೋವಾ.

1946ರಲ್ಲಿ ವಾಲ್ಪರೈಸೊ ಅನ್ನೋ ಬಂದರಿನ ಊರಲ್ಲಿ ಹುಟ್ಟಿದ್ದು. ಚಿಕ್ಕಂದಿನಲ್ಲಿ ಉಸಿರಾಟದ ತೊಂದ್ರೆ, ಆಟಗೀಟ ಏನೂ ಬೇಡ ಅಂದಿದ್ರಂತೆ ಡಾಕ್ಟ್ರು. ಅದೇ ಹುಡುಗ ಊರಿನ ಕ್ಲಬ್ ಸಾಂಟಿಯಾಗೊ ವಾಂಡರರ್ಸ್‌ನಲ್ಲಿ ಬೆಳ್ದು 19ನೇ ವಯಸ್ಸಿಗೆ 1966ರ ವರ್ಲ್ಡ್ ಕಪ್ ಆಡ್ದ. ಆಮೇಲೆ ಉರುಗ್ವೆಯ ಪೆನ್ಯರೋಲ್, ಅಲ್ಲಿಂದ ಬ್ರೆಜಿಲ್‌ನ ಇಂಟರ್‌ನಾಸಿಯೊನಾಲ್. 1974, 75, 76 ಮೂರು ವರ್ಷ ಸಾಲಾಗಿ ದಕ್ಷಿಣ ಅಮೆರಿಕಾದ ಬೆಸ್ಟ್ ಪ್ಲೇಯರ್. ಬೆಸ್ಟ್ ಡಿಫೆಂಡರ್ ಅಲ್ಲ ಅಣ್ಣಾ, ಬೆಸ್ಟ್ ಪ್ಲೇಯರ್, ಇದನ್ನ ಮಗನಿಗೆ ಎರಡ್ ಸಲ ಹೇಳಿ.

ಗೋಲೇ ಬೇಕು ಅಂತಾನಾ, 1975 ಡಿಸೆಂಬರ್ 14ರ ಬ್ರೆಜಿಲ್ ಲೀಗ್ ಫೈನಲ್ ಹುಡುಕಿ ಹಾಕಿ. ಕ್ರುಜೇರೊ ಮೇಲೆ ಇಂಟರ್‌ನಾಸಿಯೊನಾಲ್ 1-0 ಗೆದ್ದಿದ್ದು, ಆ ಒಂದು ಗೋಲು ಈ ಸ್ಟಾಪರ್‌ದೇ, ಜೊತೆ ಆಟಗಾರ ವಾಲ್ಡೊಮಿರೊ ಕೊಟ್ಟ ಫ್ರೀ ಕಿಕ್‌ಗೆ ಹೆಡರ್. ಸಂಜೆ ಬಿಸಿಲಿನ ಒಂದು ಕೋಲು ಸರಿಯಾಗಿ ಅವನು ಜಿಗಿದ ಜಾಗಕ್ಕೇ ಬಿದ್ದಿತ್ತು, ಅದಕ್ಕೇ ಅಲ್ಲಿಯವ್ರು ಇವತ್ತಿಗೂ ಅದನ್ನ ಬೆಳಕಿನ ಗೋಲು ಅಂತಾರೆ.

ಆದ್ರೆ ಕಲಿಯೋದು ಅದಲ್ಲ. ಕ್ಲಿಪ್ ಹಾಕಿ ಬಾಲ್ ನೋಡ್ಬೇಡ, ಅವನ ಕಾಲು ಎಲ್ಲಿದೆ ನೋಡು ಅನ್ನಿ. ಪಾಸ್ ಬರೋಕೆ ಮುಂಚೆನೇ ಎರಡ್ ಹೆಜ್ಜೆ ಸರಿದಿರ್ತಾನೆ, ಅದಕ್ಕೇ ನೆಲಕ್ಕೆ ಬಿದ್ದು ಟ್ಯಾಕಲ್ ಮಾಡೋ ಗತಿ ಬರೋದು ಕಮ್ಮಿ, ಬಾಲ್ ಸಿಕ್ಮೇಲೂ ಕಣ್ಮುಚ್ಕೊಂಡು ಒದೆಯಲ್ಲ, ತಲೆ ಎತ್ತಿ ಪಾಸ್ ಕೊಡ್ತಾನೆ. ಜಾಗ ಮೊದ್ಲೇ ಹಿಡಿದ್ರೆ ಸುಮ್ನೆ ಓಡೋದೂ ತಪ್ಪುತ್ತೆ. ಮೊಣಕೈ ಸ್ವಲ್ಪ ಜೋರಾಗೇ ಓಡಿಸ್ತಿದ್ದ ಅಂತಾರೆ ಹಳಬರು, ಅದೊಂದು ಕಲಿಸ್ಬೇಡಿ, ಈಗ ನೇರ ರೆಡ್ ಕಾರ್ಡು. ವೀಸಿಂಗ್ ವಿಷ್ಯ ಡಾಕ್ಟ್ರನ್ನ ಕೇಳೇ ಆಡ್ಸಿ, ಇನ್‌ಹೇಲರ್ ಕಿಟ್ ಬ್ಯಾಗಲ್ಲಿರ್ಲಿ, ಕೋಚ್‌ಗೂ ಗೊತ್ತಿರ್ಲಿ.

ನಂಗೆ ಅವನಲ್ಲಿ ಇಷ್ಟ ಆಗೋದು ನಿಯತ್ತು. ಒಂದೇ ಕ್ಲಬ್‌ನಲ್ಲಿ ಕೂತವನಲ್ಲ, ನಿಜ. ಆದ್ರೆ 30 ವರ್ಷಕ್ಕೆ, ಹೆಸ್ರು ಶಿಖರದಲ್ಲಿರೋವಾಗ, ಬ್ರೆಜಿಲ್ ಬಿಟ್ಟು ಚಿಲಿಗೆ ವಾಪಸ್ ಬಂದ, ಅದೂ ಪ್ಯಾಲೆಸ್ಟೀನ್‌ನಿಂದ ವಲಸೆ ಬಂದವ್ರು ಕಟ್ಟಿದ ಪಾಲೆಸ್ಟಿನೊ ಕ್ಲಬ್‌ಗೆ. 1978ರಲ್ಲಿ ಅವ್ರಿಗೆ ಲೀಗ್ ಗೆಲ್ಸಿಕೊಟ್ಟ, 44 ಮ್ಯಾಚ್ ಸೋಲೇ ಇಲ್ದೆ ಆಡಿದ ಟೀಮ್ ಅದು. ದೇಶಕ್ಕೆ ಕೊನೇ ವರ್ಲ್ಡ್ ಕಪ್ ಆಡಿದ್ದು 1982ರಲ್ಲಿ, ಮೊದಲನೇ ವರ್ಲ್ಡ್ ಕಪ್ ಆಡಿ 16 ವರ್ಷ ಆದ್ಮೇಲೆ. ವಾಲ್ಪರೈಸೊದ ಸ್ಟೇಡಿಯಂಗೆ ಈಗ ಅವನದ್ದೇ ಹೆಸ್ರು.

ಈ ಸೀಸನ್ ಮುಗಿಯೋ ತನಕ ಸ್ಟಾಪರ್ ಆಗೇ ಆಡ್ಲಿ, ಆಮೇಲೂ ಬೇಡ ಅಂದ್ರೆ ಕೋಚ್ ಹತ್ರ ಮಾತಾಡಿ. ಅಂದಹಾಗೆ ಮಗನ ಹೈಟ್ ಎಷ್ಟು, ಎಡಗಾಲಾ ಬಲಗಾಲಾ?